ಹಿತಕಿದ ಬೇಳೆಯ ಮುಂದೊಂದು ವೈನ್ ಬಾಟಲಿ

ದೊಡ್ಡಬಳ್ಳಾಪುರದಿಂದ ದೇವನಹಳ್ಳಿಗೆ ಹೋಗುವ ರಸ್ತೆಯಲ್ಲಿ, ರಘುನಾಥಪುರದ ಆಸುಪಾಸಿನಲ್ಲಿ, ರಾಗಿ ಹೊಲಗಳ ನಡುವೆ ತಂತಿಗೆ ಹಬ್ಬಿಸಿದ ದ್ರಾಕ್ಷಿ ಸಾಲುಗಳು ಕಾಣುತ್ತವೆ. ಆ ದ್ರಾಕ್ಷಿಯ ವೈನನ್ನು ಬೆಂಗಳೂರು, ಮುಂಬೈಗಳ ಹೋಟೆಲುಗಳಲ್ಲಿ ಊಟದ ಜೊತೆ ಬಡಿಸುತ್ತಾರೆ. ಪಕ್ಕದ ಊರಿನ ಊಟಕ್ಕೆ ಅದು ಒಗ್ಗುತ್ತದೆಯೇ ಎಂದು ಕೇಳಿದವರು ಕಡಿಮೆ. ಕೇಳಿದರೆ ಮಾತು ಎಲ್ಲೆಲ್ಲಿಗೆ ಹೋದೀತು ಎಂಬುದಕ್ಕೆ ಈ ಸಂವಾದ. ಇರುವವರು ಇಬ್ಬರೇ. ಮದುವೆಯಾಗಿ ಬಂದಾಗಿನಿಂದ ಅದೇ ಒಲೆಯ ಮುಂದೆ ಹಿಟ್ಟು ತಿರುವಿದ ದೊಡ್ಡಮ್ಮ ಒಬ್ಬಳು. ಬೆಂಗಳೂರಿನಲ್ಲಿ ನೌಕರಿ ಮಾಡಿಕೊಂಡು, ವಾರಾಂತ್ಯದಲ್ಲಿ ಅಡುಗೆಗೆ ನಿಲ್ಲುವ, ವೈನ್ ಬಗ್ಗೆ ಓದಿಯೂ ಕುಡಿದೂ ತಿಳಿದುಕೊಂಡಿರುವ ಅವಳ ತಂಗಿಯ ಮಗ ಇನ್ನೊಬ್ಬ. ಧನುರ್ಮಾಸದ ಬೆಳಗ್ಗೆ; ರಾತ್ರಿ ನೆನೆಹಾಕಿದ ಅವರೆಕಾಳು ಇಬ್ಬರ ನಡುವೆ ಬೇಸಿನ್ನಿನಲ್ಲಿದೆ.

ದೊಡ್ಡಮ್ಮ: ಸುಮ್ನೆ ನಿಂತ್ಕೊಂಡು ನೋಡಬೇಡ, ಕೂತ್ಕೊಂಡು ಹಿತುಕು. ಅದೇನೋ ಬ್ಯಾಗಲ್ಲಿ ಸೀಸೆ ಸದ್ದಾಯ್ತಲ್ಲ?

ಮಗ: ವೈನ್ ದೊಡ್ಡಮ್ಮ. ಒಂದು ಬಿಳಿ, ಒಂದು ಕೆಂಪು. ಎರಡೂ ಇಲ್ಲೇ ನಂದಿ ಬೆಟ್ಟದ ಬುಡದ ದ್ರಾಕ್ಷಿಯವೇ. ಇವತ್ತು ನಿನ್ನ ಹಿತಕಿದ ಬೇಳೆ ಸಾರಿನ ಜೊತೆ ಇಟ್ಟು ನೋಡೋಣ ಅಂತ.

ದೊಡ್ಡಮ್ಮ: ಸಾರಿನ ಜೊತೆ ಹಿಟ್ಟು ಇಡ್ತಾರೆ. ಇಲ್ಲ ಅನ್ನ ಇಡ್ತಾರೆ. ಹುಷಾರಿಲ್ಲದೋರಾದ್ರೆ ಇಡ್ಲಿ. ಸೀಸೆ ಇಟ್ಟಿದ್ದು ನಾನು ಕಂಡಿಲ್ಲ.

ಮಗ: ಫ್ರಾನ್ಸಿನಲ್ಲಿ, ಇಟಲಿಯಲ್ಲಿ ಅದೇ ಊರಿನ ಊಟಕ್ಕೆ ಅದೇ ಊರಿನ ವೈನ್ ಇಡ್ತಾರೆ. ನೂರಾರು ವರ್ಷದಿಂದ ಎರಡೂ ಒಟ್ಟಿಗೆ ಬೆಳೆದಿವೆ. ನಮ್ಮಲ್ಲೂ ಇಷ್ಟು ಹತ್ತಿರ ಇಟ್ಕೊಂಡು ಯಾಕೆ ಪ್ರಯತ್ನ ಮಾಡಬಾರದು?

ದೊಡ್ಡಮ್ಮ: ಅವರು ರೊಟ್ಟಿ ಅಗಿದು ತಿಂತಾರೆ. ಒಣಗಿದ ಬಾಯಿಗೆ ಏನಾದ್ರೂ ಬೇಕು. ನಾವು ಹಿಟ್ಟು ಹೆಂಗೆ ತಿಂತೀವಿ ಹೇಳು? ಮುರಿದು, ಉಂಡೆ ಮಾಡಿ, ಸಾರಲ್ಲಿ ಹೊರಳಿಸಿ ನುಂಗ್ತೀವಿ. ಹಲ್ಲಿಗೆ ಕೆಲಸಾನೇ ಇಲ್ಲ. ಇಳಿಸೋಕೆ ಸಾರು ಐತೆ. ಊಟ ಮುಗಿದ್ರೆ ಮಜ್ಜಿಗೆ ಐತೆ. ನಿನ್ನ ವೈನು ಯಾವ ಸಂದಿಯಲ್ಲಿ ತೂರ್ತದೆ?

ಮಗ: ಇದನ್ನ ನಾನು ಯೋಚನೆ ಮಾಡಿರಲಿಲ್ಲ, ನಿಜ. ವೈನ್ ಕೆಲಸ ಮಾಡೋದು ಬಾಯಲ್ಲೇ. ಅಗೀತಾ ಇದ್ದಾಗ ಜಿಡ್ಡು, ಮಾಂಸದ ರಸ ನಾಲಗೆ ಮೇಲೆ ಕೂರ್ತದೆ. ವೈನಿನ ಹುಳಿ, ಒಗರು ಅದನ್ನ ತೊಳೆದು ಇನ್ನೊಂದು ತುತ್ತಿಗೆ ಬಾಯನ್ನ ಹೊಸದು ಮಾಡ್ತವೆ. ನುಂಗಿಬಿಟ್ರೆ ತೊಳೆಯೋಕೆ ಏನೂ ಉಳಿಯಲ್ಲ. ಮುದ್ದೆ ಮಟ್ಟಿಗೆ ಸೋತೆ ಅಂತ್ಲೇ ಇಟ್ಕೋ. ಆದ್ರೆ ಬೇಳೇನ ಅಗಿತೀವಲ್ಲ? ನಾಟಿ ಕೋಳಿ ತುಂಡನ್ನ ಅಗಿಯದೆ ವಿಧಿಯೇ ಇಲ್ಲ.

ದೊಡ್ಡಮ್ಮ: ಕೋಳಿ ಆಮೇಲೆ ನೋಡೋಣ. ಮೊದಲು ಈ ಬೇಳೆಗೆ ಅದೇನು ಕುಡಿಸ್ತೀಯ ಹೇಳು.

ಮಗ: ಅದಕ್ಕೆ ಮಸಾಲೆ ಏನು ಅಂತ ನೀನು ಹೇಳಬೇಕು.

ದೊಡ್ಡಮ್ಮ: ಏನಿದೆ ಹೇಳೋಕೆ. ಈರುಳ್ಳಿ, ಬೆಳ್ಳುಳ್ಳಿ, ಶುಂಠಿ ಎಣ್ಣೇಲಿ ಬಾಡಿಸ್ಕೋತೀನಿ. ದನಿಯ, ಒಣಮೆಣಸಿನಕಾಯಿ, ಒಂದು ತುಂಡು ಚಕ್ಕೆ, ನಾಕು ಲವಂಗ, ಚೂರು ಗಸಗಸೆ. ಕಾಯಿ ತುರಿ, ಕೊತ್ತಂಬರಿ ಸೊಪ್ಪು ಸೇರಿಸಿ ನುಣ್ಣಗೆ ರುಬ್ಬಬೇಕು. ಒಗ್ಗರಣೇಲಿ ಮಸಾಲೆ ಹಸಿ ವಾಸನೆ ಹೋಗೋ ತನಕ ಹುರಿದು, ನೀರು ಬಿಟ್ಟು, ಕುದಿ ಬಂದ ಮೇಲೆ ಬೇಳೆ. ಮೊದಲೇ ಹಾಕಿದ್ಯೋ ಕರಗಿ ಗಂಜಿ ಆಗ್ತದೆ. ಬೇಳೆ ಬೆರಳಲ್ಲಿ ಒತ್ತಿದ್ರೆ ಮುರೀಬೇಕು, ಮೆತ್ತಗೆ ಅಂಟಬಾರದು. ಇಷ್ಟೇ. ಅವರೆಕಾಯಿ ಮಾತ್ರ ಮಂಜು ಬಿದ್ದಿದ್ದಾಗಿರಬೇಕು. ಕೈ ಮೂಸಿ ನೋಡು.

ಮಗ: ಈ ಸೊಗಡೇ ಸಮಸ್ಯೆ, ಇದೇ ಮಜಾನೂ. ಇದರ ಮುಂದೆ ಪರಿಮಳ ಇರೋ ಬಿಳಿ ವೈನ್ ಬೇಕು. ವಿಯೋನ್ಯೇ ಅಂತ ಒಂದು ದ್ರಾಕ್ಷಿ, ಫ್ರಾನ್ಸಿನ ರೋನ್ ಕಣಿವೆಯದು, ಈಗ ನಂದಿ ಬೆಟ್ಟದ ಕಡೇನೂ ಬೆಳೀತಾರೆ. ಹುಳಿ ಕಮ್ಮಿ, ಮೈ ತುಂಬಿದ ವೈನ್. ಕಾಯಿ ಹಾಕಿದ ಸಾರಿನ ಜೊತೆ ಜಗಳ ಆಡಲ್ಲ. ಇಲ್ಲಾಂದ್ರೆ ಶೆನಾ ಬ್ಲಾಂಕ್, ಚೂರು ಸಿಹಿ ಉಳಿಸಿರೋದು. ಕೆಂಪು ಮಾತ್ರ ಬೇಡ.

ದೊಡ್ಡಮ್ಮ: ಯಾಕೆ, ಕೆಂಪು ಏನು ಪಾಪ ಮಾಡ್ತು?

ಮಗ: ಕೆಂಪು ವೈನಿನಲ್ಲಿ ಸಿಪ್ಪೆ, ಬೀಜದ ಒಗರು ಇರ್ತದೆ. ಟ್ಯಾನಿನ್ ಅಂತಾರೆ. ಮೆಣಸಿನಕಾಯಿ ಖಾರದ ಜೊತೆ ಅದು ಕಹಿ ಎತ್ತಿ ತೋರಿಸ್ತದೆ. ಆಮೇಲೆ ಮದ್ಯದ ಅಂಶ 13, 14 ಪರ್ಸೆಂಟ್ ಇದ್ರೆ ಖಾರದ ಉರಿ ಇನ್ನೂ ಏರ್ತದೆ. ಖಾರಕ್ಕೆ ತಣ್ಣಗಿರೋದು, ಮದ್ಯ ಕಮ್ಮಿ ಇರೋದು, ಚೂರು ಸಿಹಿ ಇರೋದು ಒಳ್ಳೇದು.

ದೊಡ್ಡಮ್ಮ: ಅಂದ್ರೆ ನಾಳೆ ಬಂದು, ದೊಡ್ಡಮ್ಮ ಮೆಣಸಿನಕಾಯಿ ಅರ್ಧ ಹಾಕು, ವೈನು ಕೋಪ ಮಾಡ್ಕೊಳ್ತದೆ ಅಂತೀಯ.

ಮಗ: ಇಲ್ಲ. ಸಾರು ಹಂಗೇ ಇರಲಿ, ಬಾಟಲಿ ಬದಲಾಗಲಿ ಅಂತೀನಿ.

ದೊಡ್ಡಮ್ಮ: ನೀನು ಹಂಗಂತೀಯ. ಹೋಟೆಲ್ನೋರು ಅನ್ನಲ್ಲ. ಮೊನ್ನೆ ನಿಮ್ಮಕ್ಕ ಕರ್ಕೊಂಡು ಹೋಗಿದ್ಲಲ್ಲ ದೊಡ್ಡ ಹೋಟ್ಲಿಗೆ, ಅಲ್ಲಿ ಕೋಳಿ ಸಾರು ಅಂತ ಕೊಟ್ಟಿದ್ದು ಮಗೂಗೆ ಕುಡಿಸೋ ಹಂಗಿತ್ತು. ಪಕ್ಕದಲ್ಲಿ ಎಲ್ಲರ ಕೈಯಲ್ಲೂ ಗ್ಲಾಸು. ಯಾರಿಗೋಸ್ಕರ ಖಾರ ತೆಗೆದ್ರು ಅಂತ ನನಗೆ ಆಗ ಗೊತ್ತಾಗಲಿಲ್ಲ, ಈಗ ಗೊತ್ತಾಯ್ತು.

ಈ ಜಾಗದಲ್ಲಿ ದೊಡ್ಡಮ್ಮನ ಕಡೆಗೇ ನನ್ನ ಒಲವು. ವೈನ್ ಹೊಂದಾಣಿಕೆಯ ಹೆಸರಿನಲ್ಲಿ ಬರುವ ಸಲಹೆಗಳಲ್ಲಿ ಎಷ್ಟೋ ಊಟವನ್ನೇ ತಿದ್ದುವಂಥವು. ಬೆಳ್ಳುಳ್ಳಿ, ಹುಣಸೆ, ಮೆಣಸು ಬಿದ್ದ ಬಸ್ಸಾರಿನ ಮುಂದೆ ಯಾವ ಕೆಂಪು ವೈನೂ ನಿಲ್ಲುವುದಿಲ್ಲ. ಸೊಪ್ಪಿನ ಜೊತೆ ಕಬ್ಬಿಣ ನೆಕ್ಕಿದಂಥ ರುಚಿ ಬರುತ್ತದೆ. ಉಪ್ಸಾರಿನ ಖಾರಕ್ಕಂತೂ ಯಾವುದೇ ಬಣ್ಣದ ವೈನ್ ಬೇಡ. ಇವನ್ನು ಒಪ್ಪಿಕೊಂಡರೆ ವೈನಿಗೇನೂ ಅವಮಾನವಿಲ್ಲ. ಹುಡುಗ ಅಷ್ಟು ಬೇಗ ಬಿಡುವವನಲ್ಲ.

ಮಗ: ಸರಿ, ಕೋಳಿಗೆ ಬರೋಣ. ನಾಟಿ ಹುಂಜನ ಮಾಂಸ ಗಟ್ಟಿ. ಸೀಮೆ ಕೋಳಿ ಅರ್ಧ ಗಂಟೇಲಿ ಬೇಯೋ ಕಡೆ ಅದಕ್ಕೆ ಗಂಟೆಗಟ್ಟಲೆ ಬೇಕು. ಫ್ರಾನ್ಸಿನ ಬರ್ಗಂಡಿ ಕಡೆ ಹಳ್ಳಿಯವರು ಮುದಿ ಹುಂಜವನ್ನ ಕೆಂಪು ವೈನಿನಲ್ಲೇ ಗಂಟೆಗಟ್ಟಲೆ ಬೇಯಿಸ್ತಾರೆ. ಕಾಕ್ ಓ ವಾಂ ಅಂತ ಹೆಸರು. ಅಲ್ಲೂ ಬಡವರ ಅಡುಗೇನೇ ಅದು. ನಿನ್ನ ಸಮಸ್ಯೇನೂ ಅವರ ಸಮಸ್ಯೇನೂ ಒಂದೇ.

ದೊಡ್ಡಮ್ಮ: ಸಮಸ್ಯೆ ಒಂದೇ, ಉಪಾಯ ಬೇರೆ. ನಾನು ಸೌದೆ ಒಲೆ ಮೇಲೆ ಇಟ್ಟು ಹೊಲದ ಕಡೆ ಹೋಗಿ ಬರ್ತಿದ್ದೆ. ಅರಿಶಿನ, ಉಪ್ಪು, ಈರುಳ್ಳಿ ಹಾಕಿ ಹುರಿದು, ನೀರು ಬಿಟ್ಟು ಮುಚ್ಚಿದ್ರೆ ತಾನಾಗೇ ಬೇಯ್ತದೆ. ಮಸಾಲೆ ಆಮೇಲೆ. ಅದರ ಮೇಲೆ ತೇಲೋ ಹಳದಿ ಎಣ್ಣೆ ನೋಡಿದ್ಯಲ್ಲ? ಅದು ಕೋಳಿದೇ ಕೊಬ್ಬು. ಅದಕ್ಕೆ ವೈನು ಸುರಿದ್ರೆ ಬಣ್ಣ ಹೆಂಗಾಗಬೇಕು, ಯೋಚನೆ ಮಾಡು.

ಮಗ: ಸುರಿಯೋದು ಬೇಡ, ಪಕ್ಕದಲ್ಲಿ ಇಡು. ಆ ಕೊಬ್ಬಿಗೆ ಈ ಕೆಂಪು ಹೊಂದ್ತದೆ. ಇದು ಕ್ಯಾಬರ್ನೆ ಮತ್ತೆ ಶಿರಾಜ್ ಬೆರೆಸಿದ್ದು. ಮಾಂಸದ ಪ್ರೋಟೀನು ಒಗರನ್ನ ಮೆತ್ತಗೆ ಮಾಡ್ತದೆ. ಸಾರಿನ ಜೊತೆ ಅಲ್ಲ, ಸಾರಿನಿಂದ ಎತ್ತಿ ಬಾಣಲೇಲಿ ಕಾಳುಮೆಣಸಿನ ಪುಡಿ, ಕರಿಬೇವು ಹಾಕಿ ಹುರಿದ ತುಂಡಿನ ಜೊತೆ. ಕಾಳುಮೆಣಸಿನ ಖಾರ ಬೇರೆ, ಹಸಿಮೆಣಸಿನಕಾಯಿ ಖಾರ ಬೇರೆ. ಶಿರಾಜ್‌ನಲ್ಲೇ ಒಂದು ಕಾಳುಮೆಣಸಿನ ವಾಸನೆ ಇರ್ತದೆ.

ದೊಡ್ಡಮ್ಮ: ಅದು ಆಗಬಹುದೇನೋ. ನಿಮ್ಮ ದೊಡ್ಡಪ್ಪ ಹುರಿದ ತುಂಡನ್ನ ಹಂಗೇ ತಿಂತಿದ್ರು. ಆ ತಟ್ಟೆ ಮಾತ್ರ ಅಡುಗೆಮನೆಯಿಂದ ಹಿತ್ತಲಿಗೆ ಹೋಗ್ತಿತ್ತು.

ಮಗ: ಅಲ್ಲಿ ಬಾಟಲಿ ಇರ್ತಿತ್ತು.

ದೊಡ್ಡಮ್ಮ: ಇರ್ತಿತ್ತು. ಮೊದಲು ಪ್ಯಾಕೆಟ್ ಸಾರಾಯಿ, ಆಮೇಲೆ ಬ್ರಾಂದಿ. ನೀನು ಹುಳಿ, ಒಗರು, ಪರಿಮಳ ಅಂತೀಯ. ನನಗೆ ಕುಡಿತ ಅಂದ್ರೆ ಮೂಗಿಗೆ ಬರೋದು ಆ ಪ್ಯಾಕೆಟ್ಟಿನ ವಾಸನೆ. ಶನಿವಾರ ಬಟವಾಡೆ ಆದ್ರೆ ಮಗ್ಗದ ಬೀದಿ ತುಂಬ ಅದೇ ವಾಸನೆ. ಹೆಂಗಸರು ಬಾಗಿಲಲ್ಲಿ ಕೂತು ಕಾಯ್ತಿದ್ರು, ಉಳಿದ ದುಡ್ಡಾದ್ರೂ ಮನೆಗೆ ಬರಲಿ ಅಂತ.

ಮಗ: ಸಾರಾಯಿ ನಿಂತಿದ್ದು 2007ರ ಜುಲೈನಲ್ಲಿ. ಅದೇ ವರ್ಷ ಸರ್ಕಾರ ವೈನ್ ನೀತಿ ತಂತು. ಆಮೇಲೆ ದ್ರಾಕ್ಷಾರಸ ಮಂಡಳಿ ಅಂತಾನೇ ಒಂದು ಆಯ್ತು. ವೈನ್ ಅನ್ನೋದು ಹೆಂಡದಂಗಡಿ ಸರಕಲ್ಲ, ತೋಟಗಾರಿಕೆಯ ಉತ್ಪನ್ನ ಅಂತ ನೋಡಿದ್ರು.

ದೊಡ್ಡಮ್ಮ: ಒಂದೇ ವರ್ಷದಲ್ಲಿ ಒಂದು ಬಾಗಿಲು ಮುಚ್ಚಿ ಇನ್ನೊಂದು ತೆಗೆದ್ರಾ? ಕೂಲಿಯೋನು ಕುಡಿದ್ರೆ ಚಟ, ಸಾಹೇಬ ಕುಡಿದ್ರೆ ತೋಟಗಾರಿಕೆ.

ಮಗ: ಎರಡೂ ಒಂದೇ ಅಲ್ಲ ದೊಡ್ಡಮ್ಮ.

ದೊಡ್ಡಮ್ಮ: ಕುಡಿಯೋನಿಗೆ ಒಂದೇ ಅಲ್ಲ. ಮನೇಲಿ ಕಾಯೋಳಿಗೆ ಎರಡೂ ಒಂದೇ ಗಡಿಯಾರ.

ಮಗ: ಹಾಗಾದ್ರೆ ಒಂದು ಕೇಳ್ತೀನಿ, ಕೋಪ ಮಾಡ್ಕೋಬೇಡ. ಪಿತೃಪಕ್ಷದಲ್ಲಿ ತಾತನಿಗೆ ಎಡೆ ಇಡ್ತೀವಲ್ಲ, ಅದರಲ್ಲಿ ಮುದ್ದೆ, ಕೋಳಿ ಸಾರು, ವಡೆ, ಬೀಡಿ, ಜೊತೆಗೆ ಒಂದು ಕ್ವಾರ್ಟರ್ ಬಾಟಲಿ ಇಡೋದು ಯಾರು?

ದೊಡ್ಡಮ್ಮ: ನಾನೇ.

ಮಗ: ಅಂದ್ರೆ ಎಲೆ ಮೇಲೆ, ಊಟದ ಪಕ್ಕದಲ್ಲೇ ಮದ್ಯ ಇಡೋದು ನಮ್ಮ ಮನೆ ಪದ್ಧತೀಲಿ ಇದೆ. ಬದುಕಿದ್ದಾಗ ಹಿತ್ತಲಲ್ಲಿ ಕದ್ದು ಕುಡಿದೋರಿಗೆ ಸತ್ತ ಮೇಲೆ ನಡುಮನೇಲಿ ದೀಪ ಹಚ್ಚಿ ಬಡಿಸ್ತೀವಿ.

ದೊಡ್ಡಮ್ಮ: ಸತ್ತೋರು ಕುಡಿದು ಬಂದು ಯಾರಿಗೂ ಹೊಡೆಯಲ್ಲ ಕಣಪ್ಪ.

ಸ್ವಲ್ಪ ಹೊತ್ತು ಇಬ್ಬರೂ ಮಾತಾಡದೆ ಬೇಳೆ ಹಿತುಕಿದರು. ಹಿತುಕುವುದು ಜಾಣತನದ ಕೆಲಸ: ಹೆಬ್ಬೆರಳು, ತೋರುಬೆರಳ ನಡುವೆ ಕಾಳಿನ ಮೊಳಕೆಯ ತುದಿಯನ್ನು ಮುಂದಕ್ಕಿಟ್ಟು ಒತ್ತಿದರೆ ಬೇಳೆ ಜಾರಿ ಬೇಸಿನ್ನಿಗೆ ಬೀಳುತ್ತದೆ, ಸಿಪ್ಪೆ ಬೆರಳಲ್ಲಿ ಉಳಿಯುತ್ತದೆ. ಗೊತ್ತಿಲ್ಲದವರು ಒತ್ತಿದರೆ ಎದುರಿಗಿದ್ದವರ ಮುಖಕ್ಕೆ ಹಾರುತ್ತದೆ. ಹುಡುಗನ ಬೇಳೆಗಳಲ್ಲಿ ಒಂದೆರಡು ಆಗಲೇ ಗೋಡೆ ಸೇರಿದ್ದವು.

ದೊಡ್ಡಮ್ಮ: ಕುಡಿಯೋ ಹೆಂಗಸರೇ ಇರಲಿಲ್ಲ ಅಂತ ನಾನು ಹೇಳ್ತಿಲ್ಲ. ನಮ್ಮತ್ತೆ ಕಾಲದಲ್ಲಿ ಈಚಲ ಮರದ ಹೆಂಡ ಇಳಿಸ್ತಿದ್ರು. ಕಳೆ ಕಿತ್ತು ಬಂದ ಮುದುಕಿಯರು ಚೂರು ಕುಡಿದು ಮಲಗೋರು. ಬಾಣಂತಿಗೆ ಒಂದು ಚಮಚ ಬ್ರಾಂದಿ ಕೊಡೋರು, ಮೈ ಬೆಚ್ಚಗಿರಲಿ ಅಂತ. ಅದನ್ನ ಯಾರೂ ಕುಡಿತ ಅಂತಿರಲಿಲ್ಲ.

ಮಗ: ನಾನು ಕೇಳೋದೂ ಅಷ್ಟೇ. ಅಳತೆಯಲ್ಲಿ, ಎಲ್ಲರೆದುರಿಗೆ, ಊಟದ ಜೊತೆ. ಹಿತ್ತಲಲ್ಲಿ ಗಂಡಸರು ಮಾತ್ರ ಕೂತು, ಖಾರದ ಕಡಲೆಬೀಜ ತಿಂದು, ಬೇಗ ಬೇಗ ಕುಡಿದು, ಕೊನೆಗೆ ಊಟ ಬಿಟ್ಟು ಮಲಗೋದು ನಮ್ಮ ಕಡೆ ರೂಢಿ. ಊಟದೆಲೆ ಮುಂದೆ ಬಂದ್ರೆ ಅದಕ್ಕೆ ಲಗಾಮು ಬೀಳ್ತದೆ.

ದೊಡ್ಡಮ್ಮ: ಒಳ್ಳೇದು ಅಂತ ಡಾಕ್ಟ್ರೂ ಹೇಳ್ತಾರಂತೆ, ಕೆಂಪು ವೈನು ಹೃದಯಕ್ಕೆ ಅಂತ ನಿಮ್ಮಕ್ಕ ಹೇಳ್ತಿದ್ಲು.

ಮಗ: ಮುಂಚೆ ಹೇಳ್ತಿದ್ರು. 2023ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಯಾವ ಅಳತೆಯ ಮದ್ಯವೂ ಆರೋಗ್ಯಕ್ಕೆ ಸುರಕ್ಷಿತ ಅಲ್ಲ ಅಂತ ಹೇಳಿಬಿಡ್ತು. ಅದನ್ನ ಮುಚ್ಚಿಡಲ್ಲ. ರುಚಿಗೆ ಕುಡೀತೀನಿ, ಔಷಧಿ ಅಂತಲ್ಲ.

ದೊಡ್ಡಮ್ಮ: ಇದು ಒಪ್ಪೋ ಮಾತು. ಔಷಧಿ ಅಂತ ಹೇಳಿದ್ದಿದ್ರೆ ಸೀಸೆ ಸಮೇತ ಆಚೆ ಕಳಿಸ್ತಿದ್ದೆ.

ಮಗ: ನಮ್ಮ ತಾಲ್ಲೂಕಿಗೆ ವೈನ್ ಸಣ್ಣ ವಿಷಯ ಅಲ್ಲ ಕಣಮ್ಮ. 1988ರಲ್ಲಿ ಕಂವಲ್ ಗ್ರೋವರ್ ಅನ್ನೋರು ಇಲ್ಲಿ ಕಂಪನಿ ಶುರು ಮಾಡಿದ್ರು. ಶಾಂಪೇನ್ ಸೀಮೆಯ ಜಾರ್ಜ್ ವೆಸೆಲ್ ಅನ್ನೋ ಫ್ರೆಂಚ್ ತಜ್ಞರು ಜೊತೆಗಿದ್ರು. ಫ್ರೆಂಚ್ ಜಾತಿಯ ಬಳ್ಳಿ ಈ ಕೆಂಪು ಮಣ್ಣಿಗೆ ಒಗ್ಗಿಸಿ, 1992ರ ಹೊತ್ತಿಗೆ ವೈನ್ ಮಾರುಕಟ್ಟೆಗೆ ಬಂತು. ಆಮೇಲೆ ಬೋರ್ಡೊದ ಮಿಶೆಲ್ ರೊಲಾಂ ಬಂದು ಸಲಹೆ ಕೊಟ್ರು. ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರ. ಹಗಲು ಬಿಸಿಲು, ರಾತ್ರಿ ತಂಪು. ಆ ತಂಪೇ ಹಣ್ಣಿನ ಹುಳಿ ಉಳಿಸೋದು. ಯುರೋಪಿನಲ್ಲಿ ಚಳಿಗಾಲದಲ್ಲಿ ಬಳ್ಳಿ ಮಲಗ್ತದೆ, ಇಲ್ಲಿ ಮಲಗೋದೇ ಇಲ್ಲ. ಅದಕ್ಕೆ ಬೇಸಿಗೇಲಿ ಒಂದು ಸಲ, ಮಳೆಗಾಲ ಮುಗಿಯುವಾಗ ಒಂದು ಸಲ ಚಾಟನಿ ಮಾಡಿ, ಫೆಬ್ರವರಿ, ಮಾರ್ಚಿನಲ್ಲಿ ಕೊಯ್ಲು.

ದೊಡ್ಡಮ್ಮ: ನನಗೆ ಪಾಠ ಮಾಡಬೇಡ, ಚಾಟನಿ ನಾನೂ ಮಾಡಿದ್ದೀನಿ. ನಮ್ಮ ಹಿತ್ತಲ ಚಪ್ಪರದ ನೀಲಿ ದ್ರಾಕ್ಷಿ ನೆನಪಿಲ್ವಾ? ಸಿಪ್ಪೆ ಹಿಸುಕಿದ್ರೆ ತಿರುಳು ಗುಳಕ್ ಅಂತ ಬಾಯಿಗೆ. ಅದರಲ್ಲಿ ವೈನು ಮಾಡ್ತಾರಾ ನಿಮ್ಮೋರು?

ಮಗ: ಬೆಂಗಳೂರು ನೀಲಿ. ಅದಕ್ಕೆ 2013ರಲ್ಲಿ ಭೌಗೋಳಿಕ ಗುರುತು ಸಿಕ್ಕಿದೆ. ಅಗ್ಗದ ಪೋರ್ಟ್ ವೈನಿಗೆ, ಜ್ಯೂಸಿಗೆ, ಜಾಮಿಗೆ ಹೋಗ್ತದೆ. ಬೆಂಗಳೂರಿನ ಕ್ರಿಶ್ಚಿಯನ್ ಮನೆಗಳಲ್ಲಿ ಕ್ರಿಸ್‌ಮಸ್‌ಗೆ ಸಕ್ಕರೆ, ಗೋಧಿ ಹಾಕಿ ಭರಣೀಲಿ ಇಡ್ತಾರಲ್ಲ, ಅದಕ್ಕೂ ಇದೇ. ಆದ್ರೆ ಒಳ್ಳೆ ವೈನಿಗೆ ಆಗಲ್ಲ. ಅಮೆರಿಕದ ಇಸಬೆಲ್ಲಾ ಕುಲಕ್ಕೆ ಹತ್ತಿರದ್ದು, ಘಾಟು ವಾಸನೆ. ಯುರೋಪಿಯನ್ ಒಕ್ಕೂಟದಲ್ಲಿ ಇಸಬೆಲ್ಲಾದಿಂದ ಮಾರೋಕೆ ವೈನ್ ಮಾಡೋ ಹಾಗೇ ಇಲ್ಲ.

ದೊಡ್ಡಮ್ಮ: ನೋಡು, ಸಿಕ್ಕಿಬಿದ್ದೆ. ಅವರೆಕಾಯಿ ಘಾಟು ಹೊಡೆದ್ರೆ ಸೊಗಡು, ಮಜಾ ಅಂತೀಯ. ನಮ್ಮ ದ್ರಾಕ್ಷಿ ಘಾಟು ಹೊಡೆದ್ರೆ ಆಗಲ್ಲ ಅಂತೀಯ. ಯಾರ ಮೂಗು ನಿನಗೆ ಹೇಳಿಕೊಟ್ಟಿದ್ದು? ಊರಿನ ಊಟಕ್ಕೆ ಊರಿನ ವೈನು ಅಂತ ಶುರು ಮಾಡಿದೋನು, ಊರಿನ ಹಣ್ಣನ್ನೇ ಹೊರಗಿಟ್ಟು ಅಲ್ಲಿಂದ ಬಂದ ಬಳ್ಳೀನ ಒಳಗೆ ಕರ್ದಿದ್ದೀಯ.

ಮಗ: ಇದಕ್ಕೆ ತಕ್ಷಣ ಉತ್ತರ ಇಲ್ಲ. ಬೆಂಗಳೂರು ನೀಲಿನೂ ಒಂದು ಕಾಲದಲ್ಲಿ ಹೊರಗಿಂದ ಬಂದಿದ್ದೇ ಅಂತ ಮಾತ್ರ ಹೇಳಬಹುದು. ಮೆಣಸಿನಕಾಯಿ, ಟೊಮೇಟೊ ಬಂದ ಹಾಗೆ.

ದೊಡ್ಡಮ್ಮ: ಬಂದಿದ್ದು ನಮ್ಮನೆ ಚಪ್ಪರ ಹತ್ತಿತಲ್ಲ. ಇನ್ನೊಂದು. ನೀಲಿ ದ್ರಾಕ್ಷಿ ಜ್ಯೂಸಿಗೆ ಬೇಡ ಅಂದ್ರೆ ಸಂತೇಲಿ ಮಾರಬಹುದು, ಮಕ್ಕಳು ತಿಂತಾವೆ. ನಿನ್ನ ವೈನ್ ದ್ರಾಕ್ಷಿ ಕಾಳು ಸಣ್ಣದು, ಬೀಜಾನೇ ಜಾಸ್ತಿ. ಫ್ಯಾಕ್ಟರಿಯೋರು ಈ ವರ್ಷ ಬೇಡ ಅಂದ್ರೆ ಬೆಳೆದೋನು ಯಾರಿಗೆ ಮಾರಬೇಕು? ರಾಗಿ ಆದ್ರೆ ಯಾರೂ ಕೊಳ್ಳದಿದ್ರೂ ಮನೇಲಿ ತಿಂತೀವಿ.

ಮಗ: ರಾಗಿ ಬೆಳೆದು ಸಾಲ ತೀರಿಸಿದೋರು ಯಾರಿದ್ದಾರೆ ಹೇಳು. ಒಪ್ಪಂದ ಸರಿಯಾಗಿದ್ರೆ ದ್ರಾಕ್ಷೀಲಿ ಕೈಗೆ ದುಡ್ಡು ಕಾಣ್ತದೆ. ಹೊಲ ಮಾರಿ ಲೇಔಟ್ ಮಾಡೋದಕ್ಕಿಂತ ತೋಟ ಇರೋದು ಮೇಲಲ್ವಾ?

ದೊಡ್ಡಮ್ಮ: ನೀರು? ಅರ್ಕಾವತಿ ಹುಟ್ಟೋದು ಈ ನಂದಿ ಬೆಟ್ಟದಲ್ಲೇ. 1890ರ ದಶಕದಲ್ಲಿ ಹೆಸರಘಟ್ಟದಿಂದ ಬೆಂಗಳೂರಿಗೆ ಅದೇ ನೀರು ಹೋಗ್ತಿತ್ತು ಅಂತ ನಿನ್ನ ಪುಸ್ತಕದಲ್ಲೇ ಓದಿದ್ಯಲ್ಲ. ಈಗ ಬೋರ್ ಸಾವಿರ ಅಡಿ ಇಳಿಸಿದ್ರೂ ಧೂಳು. ರಾಗಿಗೆ ಮಳೆ ಸಾಕು.

ಮಗ: ಲೇಔಟಿಗೂ ನೀರು ಬೇಕು. ದ್ರಾಕ್ಷಿಗೆ ಹನಿ ನೀರಾವರಿ.

ದೊಡ್ಡಮ್ಮ: ಹನಿಯೋ, ಹೊಳೆಯೋ. ಬರೋದು ಒಂದೇ ತೂತಿನಿಂದ.

ವಾದ ಇಲ್ಲಿಗೆ ಬಂದಾಗ ದೇವನಹಳ್ಳಿಯ ಚಕ್ಕೋತ ನೆರವಿಗೆ ಬಂತು. 2008ರಲ್ಲಿ ಅಲ್ಲಿ ವಿಮಾನ ನಿಲ್ದಾಣ ಶುರುವಾಯಿತು. ಸುತ್ತಲಿನ ಜಮೀನಿನ ಬೆಲೆ ಏರುತ್ತ ಹೋದಂತೆ ಚಕ್ಕೋತದ ಮರಗಳು ತಗ್ಗುತ್ತ ಬಂದವು. ಆದರೂ ಕೆಲವು ಹಿತ್ತಲುಗಳಲ್ಲಿ ಕೆಂಪು ತೊಳೆಯ, ಕಹಿ ಕಡಿಮೆಯ ಆ ಹಣ್ಣು ಇನ್ನೂ ಬಿಡುತ್ತದೆ. ದೊಡ್ಡಮ್ಮ ಒಂದನ್ನು ಒಡೆದು, ಬಿಳಿ ಪೊರೆ ಸುಲಿದು, ತೊಳೆಗಳನ್ನು ಉದುರಿಸಿ, ಉಪ್ಪು, ಚಿಟಿಕೆ ಖಾರದಪುಡಿ, ಒಂದು ಹಿಡಿ ನೆನೆದ ಹೆಸರುಬೇಳೆ, ಕೊತ್ತಂಬರಿ ಸೇರಿಸಿ ಕೋಸಂಬರಿ ಮಾಡಿದಳು.

ಮಗ: ಇದಕ್ಕೆ ನನಗೆ ಅನುಮಾನವೇ ಇಲ್ಲ. ಸೋವಿನ್ಯೋ ಬ್ಲಾಂಕ್. ಆ ವೈನಿನಲ್ಲಿ ಬರೋ ಚಕ್ಕೋತದಂಥ ವಾಸನೆ ಕಲ್ಪನೆ ಅಲ್ಲ. ಗಂಧಕ ಇರೋ ಒಂದು ಬಗೆಯ ಸಂಯುಕ್ತಗಳು ಅದರಲ್ಲೂ ಇವೆ, ಚಕ್ಕೋತದ ಜಾತಿಯ ಗ್ರೇಪ್‌ಫ್ರೂಟಿನಲ್ಲೂ ಇವೆ. ಹಣ್ಣಿನ ಹುಳಿಗಿಂತ ವೈನಿನ ಹುಳಿ ಕಮ್ಮಿ ಇದ್ರೆ ವೈನ್ ಸಪ್ಪೆ ಆಗ್ತದೆ. ಇದರದ್ದು ಸರಿಸಮ.

ದೊಡ್ಡಮ್ಮ: ಎಲ್ಲಿ, ತೆಗಿ ಆ ಬಿಳಿದನ್ನ. ಕುಡಿಯಲ್ಲ, ಮೂಸ್ತೀನಿ.

ಮಗ: ಇದು ವಿಯೋನ್ಯೇ, ಸೋವಿನ್ಯೋ ಅಲ್ಲ.

ದೊಡ್ಡಮ್ಮ: ಯಾವುದೋ ಒಂದು. ಹ್ಞೂಂ. ಸಂಪಿಗೆ ಹೂವು ಐತೆ. ಚೂರು ಹಣ್ಣಾದ ಸೀಬೆ. ಅಡಿಯಲ್ಲಿ ಏನೋ ಹುಳಿ ಬಂದ ಹಿಟ್ಟಿನ ವಾಸನೆ, ದೋಸೆ ಹಿಟ್ಟು ರಾತ್ರಿ ಇಟ್ಟ ಹಂಗೆ.

ಮಗ: ಅದು ಈಸ್ಟ್. ನಿನ್ನ ಮೂಗಿಗೆ ವೈನರಿಯಲ್ಲಿ ಸಂಬಳ ಕೊಡಬೇಕು.

ದೊಡ್ಡಮ್ಮ: ಮೂಗಿಗೆ ಸಂಬಳ ಕೊಡ್ತಾರಾ! ಐವತ್ತು ವರ್ಷ ಮೂಸಿ ಮೂಸಿ ಅಡುಗೆ ಮಾಡಿದ್ದಕ್ಕೆ ಯಾರೂ ಮೂರು ಕಾಸು ಕೊಡಲಿಲ್ಲ. ಈ ಸೀಸೆಗೆ ಎಷ್ಟು?

ಮಗ: ಒಂದು ನಾಟಿ ಕೋಳಿ ಬರ್ತದೆ.

ದೊಡ್ಡಮ್ಮ: ಕೋಳೀಲಿ ಆರು ಜನ ಊಟ ಮಾಡ್ತಾರೆ.

ಮಗ: ಇದರಲ್ಲೂ ಆರು ಜನಕ್ಕೆ ಒಂದೊಂದು ಗ್ಲಾಸು.

ದೊಡ್ಡಮ್ಮ: ಆರನೇ ಗ್ಲಾಸು ಯಾರಿಗೆ? ಅದನ್ನ ಹೇಳು. ನಿನ್ನ ಊಟ ನಿಧಾನ ಆಗಬೇಕು. ಒಂದು ತುತ್ತು, ಒಂದು ಗುಟುಕು, ಮಾತು. ಹಿಟ್ಟು ಬಿಸೀಲಿ ಇಳೀಬೇಕು, ಆರಿದ್ರೆ ಗಟ್ಟಿ. ನೀವೆಲ್ಲ ಗ್ಲಾಸು ತಿರುಗಿಸ್ತಾ ಕೂತ್ರೆ, ಎರಡನೇ ಸಲಕ್ಕೆ ಬಿಸಿ ಹಿಟ್ಟು ತಿರುವೋದು ಯಾರು? ಒಲೆ ಮುಂದೆ ನಿಂತೋಳು. ಅವಳು ಉಣ್ಣೋ ಹೊತ್ತಿಗೆ ಸೀಸೆ ಖಾಲಿ. ಕುಡಿಯೋಕೆ ಸಿಗಲಿಲ್ಲ ಅಂತ ನನಗೆ ಬೇಜಾರಿಲ್ಲ. ನೀನು ಎಲ್ಲರೆದುರಿಗೆ, ಎಲ್ಲರ ಜೊತೆ ಅಂದ್ಯಲ್ಲ, ಅದರಲ್ಲಿ ನಾನು ಎಲ್ಲಿ ಕೂತಿದ್ದೀನಿ ಅಂತ ಕೇಳ್ತಿದ್ದೀನಿ.

ಮಗ: ಇವತ್ತು ನಾನು ತಿರುವ್ತೀನಿ.

ದೊಡ್ಡಮ್ಮ: ತಿರುವು, ನೋಡೋಣ. ನೀರು ಕುದಿ ಬರಲಿ. ಮೊದಲು ಚೂರು ಹಿಟ್ಟನ್ನ ನೀರಲ್ಲಿ ಕಲಸಿ ಬಿಡು. ಉಕ್ಕು ಬಂದಾಗ ಒಣಹಿಟ್ಟನ್ನ ನಡುವೆ ಗುಡ್ಡೆ ಸುರಿ. ಕೆದಕಬೇಡ! ಕೋಲು ನಡುವೆ ಚುಚ್ಚಿ ಬಿಡು, ನೀರು ಆ ತೂತಿನಿಂದ ಮೇಲೆ ಹತ್ತಲಿ. ಹಿಟ್ಟಿಗೂ ತಾಳ್ಮೆ ಬೇಕು, ನಿನ್ನ ವೈನಿಗೆ ಮಾತ್ರ ಅಲ್ಲ. ಈಗ ಉರಿ ತಗ್ಗಿಸು. ಕವೆಗೋಲಲ್ಲಿ ಪಾತ್ರೆ ಅದುಮಿ ಹಿಡ್ಕೊ, ಒಂದೇ ಕಡೆ ತಿರುವು. ಅಂಚಿಗೆ ಒತ್ತಿ ಒತ್ತಿ ತಿರುವು. ಭುಜದಿಂದ, ಮಣಿಕಟ್ಟಿಂದ ಅಲ್ಲ.

ಮಗ: ಗಂಟು ಉಳೀತಾ?

ದೊಡ್ಡಮ್ಮ: ಉಳೀತು. ಎರಡು. ನಾಯಿಗೆ ಹಾಕೋ ಹಂಗೇನಿಲ್ಲ, ತಿನ್ನಬಹುದು.

ಮುದ್ದೆ ಕಟ್ಟಿ ಎಲೆಗೆ ಬಿದ್ದಿತು, ಸಾರು ಬಿದ್ದಿತು. ಹುಡುಗ ವೈನ್ ಗ್ಲಾಸನ್ನು ಎಲೆಯ ಪಕ್ಕ ಇಡಲು ಹೋದ. ದೊಡ್ಡಮ್ಮ ಅದನ್ನು ಒಂದು ಮೊಳ ಆಚೆ ಸರಿಸಿದಳು. ಮೊದಲ ಮುದ್ದೆ ಮುಗಿಯುವವರೆಗೆ ಅವನು ಗ್ಲಾಸು ಮುಟ್ಟಲಿಲ್ಲ. ಮುಟ್ಟಲು ಬಿಡುವೂ ಇರಲಿಲ್ಲ. ಬೇಳೆಯನ್ನು ಬೇರೆಯಾಗಿ ಬಟ್ಟಲಲ್ಲಿ ಹಾಕಿಸಿಕೊಂಡಾಗ ಮಾತ್ರ ಒಂದು ಗುಟುಕು ಕುಡಿದು ತಲೆಯಾಡಿಸಿದ. ಲವಂಗ, ಕಾಯಿ, ಸೊಗಡು ಮೂರೂ ವೈನಿನ ಹಿಂದೆ ಬೇರೆ ಬೇರೆಯಾಗಿ ನಿಂತವು ಎಂದ. ಅದು ನಿಜವಿರಬಹುದು, ವೈನ್ ಪ್ರಿಯರ ಮಾತಿನಲ್ಲಿ ಹತ್ತಕ್ಕೆ ನಾಲ್ಕನ್ನು ನಾನು ನಂಬುತ್ತೇನೆ, ಇದು ಆ ನಾಲ್ಕರಲ್ಲಿ ಒಂದು.

ದೊಡ್ಡಮ್ಮ: ಹೆಂಗಿತ್ತು?

ಮಗ: ಬೇಳೆಗೆ ಆಯ್ತು. ಹಿಟ್ಟಿಗೆ ನೀನು ಹೇಳಿದ್ದೇ.

ದೊಡ್ಡಮ್ಮ: ಹಿಟ್ಟಿಗೆ ಆಗಲ್ಲ ಅಂತ ನನಗೆ ಗೊತ್ತಿತ್ತು. ಬೇಳೆಗೆ ಆಗ್ತದೆ ಅಂತ ಗೊತ್ತಿರಲಿಲ್ಲ. ಮುಂದಿನ ಸಲ ತರೋದಾದ್ರೆ ಒಂದೇ ತಾ. ಹೊಸಕೋಟೆ ಬಿರಿಯಾನಿಗೆ ಏನು ಕುಡೀತಾರೆ ಅದೂ ಹೇಳಿಬಿಡು, ನಿಮ್ಮ ಭಾವ ಕೇಳ್ತಾನೆ.

ಮಗ: ಅದನ್ನ ತಿನ್ನೋಕೆ ಭಾವ ಭಾನುವಾರ ಬೆಳಗಿನ ಜಾವ ನಾಲ್ಕಕ್ಕೆ ಹೋಗಿ ಸಾಲಲ್ಲಿ ನಿಲ್ತಾರೆ. ಆ ಹೊತ್ತಿಗೆ ಟೀ ಬಿಟ್ಟು ಬೇರೆ ಏನೂ ಕುಡಿಯಬಾರದು.

ದೊಡ್ಡಮ್ಮ: ಬುದ್ಧಿವಂತ. ಗ್ಲಾಸು ತೊಳೆದಿಡು, ಮಧ್ಯಾಹ್ನ ಹಾಲಿನೋನು ಬರ್ತಾನೆ, ಅವನ ಕಣ್ಣಿಗೆ ಬೀಳೋದು ಬೇಡ.

ಮಗ: ಎಲ್ಲರೆದುರಿಗೆ ಅಂತ ಒಪ್ಪಿದ್ಯಲ್ಲ?

ದೊಡ್ಡಮ್ಮ: ಮನೆಯವರೆದುರಿಗೆ ಅಂದೆ. ಊರಿನವರ ವಿಷಯ ಮುಂದಿನ ವರ್ಷ ನೋಡೋಣ.

ಮನೆಯಲ್ಲಿ ಮಾಡಿ ನೋಡುವವರಿಗೆ ಒಂದು ಮಾತು: ಬಿಳಿ ವೈನನ್ನು ಫ್ರಿಜ್ಜಿನಿಂದ ತೆಗೆದು ಸ್ವಲ್ಪ ಹೊತ್ತು ಬಿಟ್ಟು ಕುಡಿಯಿರಿ, ತೀರಾ ತಣ್ಣಗಿದ್ದರೆ ಪರಿಮಳ ಏಳುವುದಿಲ್ಲ. ಬೇಳೆಯನ್ನು ಮುದ್ದೆಯಿಂದ ಬೇರೆ ಬಟ್ಟಲಲ್ಲಿ ಬಡಿಸಿ. ಮನೆಯಲ್ಲೇ ವೈನ್ ಮಾಡಲು ಹೊರಡಬೇಡಿ, ಪರವಾನಗಿ ಇಲ್ಲದೆ ಮದ್ಯ ತಯಾರಿಸುವುದನ್ನು 1965ರ ಕರ್ನಾಟಕ ಅಬಕಾರಿ ಕಾಯ್ದೆ ನಿಷೇಧಿಸುತ್ತದೆ. ಬಾಟಲಿ ವರ್ಷವಿಡೀ ಸಿಗುತ್ತದೆ. ಮಂಜು ಬಿದ್ದ ಸೊಗಡಿನ ಅವರೆಕಾಯಿ ಸಂಕ್ರಾಂತಿ ಕಳೆದು ಕೆಲವು ವಾರಗಳಲ್ಲೇ ಮುಗಿಯುತ್ತದೆ. ಆದ್ದರಿಂದ ಮೊದಲು ಕಾಯಿ ತನ್ನಿ.